ಟೇಕ್ ನಾಲ್ಕು ಬೇಡ

‘ಎಡಗೈಯಲ್ಲಿ ಲೋಟ. ಹಿಡಿ ಗೋಡೆಯ ಕಡೆಗೆ. ಕೂದಲು ಬಲಗಿವಿಯ ಹಿಂದೆ. “ಹೋಗು” ಅನ್ನುವಾಗ ಬಾಗಿಲು ನೋಡುತ್ತಾಳೆ. “ಹೋಗಬೇಡ” ಅನ್ನುವಾಗ ನೆಲ...’

ಮಾಯುಮಿಯ ಪೆನ್ಸಿಲ್ ಅಲ್ಲಿಗೇ ನಿಂತಿತು.

ನಟಿ ಕ್ಲಾರಿಬೆಲ್ಲಳ ಎದೆಯ ಮೇಲೆ ಏನೋ ಇಲ್ಲ!

“ಡಿರೆಕ್, ನಿಲ್ಲಿಸಿ! ಪಿನ್ನು ಇಲ್ಲ.”

“ಕಟ್!” ಎಂದು ಕೂಗಿ ನಿರ್ದೇಶಕ ಒಕ್ಟೇವಿಯೊ ತಲೆ ಚಚ್ಚಿಕೊಂಡ. ಇಡೀ ಕೆಸೋನ್ ಸಿಟಿಯಲ್ಲಿ ನಿರ್ದೇಶಕರನ್ನು ಯಾರೂ ಹೆಸರು ಹಿಡಿದು ಕರೆಯುವುದಿಲ್ಲ. ಎಲ್ಲರೂ ಡಿರೆಕ್. ಅವನಿಗೆ ಅರವತ್ತನಾಲ್ಕು ವರ್ಷ, ಹೃದಯಕ್ಕೆ ಮೂರು ಮಾತ್ರೆ, ನಾಲಿಗೆಗೆ ಯಾವ ಮಾತ್ರೆಯೂ ಇಲ್ಲ. “ಯಾವನಾದ್ರೂ ಆ ಪಿನ್ನು ತರ್ತೀರೋ, ಇಲ್ಲಾ ನಾನೇ ಸತ್ತು ನಿಮಗೆಲ್ಲ ಒಂದೊಂದು ಪಿನ್ನು ಹಂಚಲೋ?”

ಅಲ್ಲಿ ಚಿತ್ರೀಕರಣವಾಗುತ್ತಿದ್ದ ಧಾರಾವಾಹಿಯಲ್ಲಿ ಕ್ಲಾರಿಬೆಲ್ ಗಂಡ ತೀರಿಕೊಂಡ ಹೆಂಗಸು. ವರ್ಷ ತುಂಬಿ, ಚರ್ಚಿನಲ್ಲಿ ಪೂಜೆಯಾಗಿ, ನೆಂಟರಿಗೆಲ್ಲ ಊಟ ಹಾಕುವವರೆಗೂ ಎಡ ಎದೆಯ ಮೇಲೆ ಉಗುರಿನಷ್ಟಗಲದ ಕರಿ ಪಿನ್ನು ಇರಲೇಬೇಕು. ಇಲ್ಲದಿದ್ದರೆ ಮಧ್ಯಾಹ್ನ ಟಿವಿ ಮುಂದೆ ಕೂರುವ ಅಜ್ಜಿಯಂದಿರು ಸುಮ್ಮನೆ ಬಿಡುತ್ತಾರೆಯೇ?

ಪಿನ್ನು ಅಡುಗೆಮನೆ ಸೆಟ್ಟಿನ ಮೋರಿಯಲ್ಲಿ ಬಿದ್ದುಹೋಗಿತ್ತು. ಪೆಟ್ಟಿಗೆಯಲ್ಲಿದ್ದ ಇನ್ನೊಂದು ಹೋದ ವಾರವೇ ಮುರಿದಿತ್ತು.

ಮಾಯುಮಿ ಸುತ್ತ ನೋಡಿದಳು. ಜನರೇಟರ್ ಗಾಡಿಯ ಪಕ್ಕ ಗುರುತಿಲ್ಲದ ಒಬ್ಬ ಮನುಷ್ಯ ಕಾಫಿ ಕುಡಿಯುತ್ತಾ ನಿಂತಿದ್ದ. ನಲವತ್ತೈದರ ಆಸುಪಾಸು. ಬೂದು ಅಂಗಿ. ಎದೆಯ ಮೇಲೆ... ಕರಿ ಪಿನ್ನು!

ಓಡಿಹೋದಳು.

“ಅದನ್ನ ಸ್ವಲ್ಪ ಬಿಚ್ಚಿಕೊಡಿ.”

“ಯಾವುದನ್ನ?”

“ಪಿನ್ನು. ಎರಡೇ ನಿಮಿಷ. ಬೆಳಕು ಹೋಗ್ತಿದೆ!”

ಅವನು ಅವಳನ್ನೇ ನೋಡಿದ. ಕೈ ಎದೆಯವರೆಗೂ ಹೋಯಿತು. ಬೆರಳುಗಳು ಕೊಂಡಿಯ ಮೇಲೇ ನಿಂತವು, ಬಿಚ್ಚಲಿಲ್ಲ. ಮಾಯುಮಿಗೆ ತಾಳ್ಮೆ ಎಲ್ಲಿ? ಪೆನ್ಸಿಲ್ಲನ್ನು ಬಾಯಲ್ಲಿ ಕಚ್ಚಿಕೊಂಡು ತಾನೇ ಎರಡೂ ಕೈ ಹಾಕಿ ಬಿಚ್ಚಿಕೊಂಡಳು. ಅವಳ ಮಣಿಕಟ್ಟಿನ ಕೆಳಗೆ ಅವನ ಎದೆ ಡವಡವ ಹೊಡೆದುಕೊಳ್ಳುತ್ತಿದ್ದುದು ತಿಳಿಯಿತು.

“ಜೋಪಾನ...” ಎಂದ ಅವನು. ಅಷ್ಟೇ.

ಶಾಟ್ ಮುಗಿದ ಮೇಲೆ ಪಿನ್ನು ಹಿಡಿದು ವಾಪಸು ಬಂದಾಗಲೇ ಅವಳಿಗೆ ತಾನು ಮಾಡಿದ್ದೇನು ಎಂದು ಹೊಳೆದದ್ದು. ಇದು ಬಣ್ಣದ ಪೆಟ್ಟಿಗೆಯ ಪಿನ್ನಲ್ಲ. ನಿಜವಾದದ್ದು.

“ಯಾರು... ತೀರಿಕೊಂಡಿದ್ದು?”

“ನನ್ನ ಹೆಂಡತಿ.”

ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. “ಕ್ಷಮಿಸಿ! ನನಗೆ ಕೆಲಸದಲ್ಲಿ ಕಣ್ಣು ಮಾತ್ರ ಇರುತ್ತೆ, ಬುದ್ಧಿ ಇರಲ್ಲ.”

ಅವನು ಪಿನ್ನನ್ನು ಅಂಗೈಯಲ್ಲಿ ಇಟ್ಟುಕೊಂಡು ಸಣ್ಣಗೆ ನಕ್ಕ. “ಗೊತ್ತಾಯ್ತು ಬಿಡಿ. ಮೂರು ವಾರದಿಂದ ನಿಮ್ಮ ಟಿಪ್ಪಣಿ ಓದಿ ನಿಮ್ಮ ಕಣ್ಣಿನ ಜೊತೆ ಮನಸ್ಸಲ್ಲೇ ಜಗಳ ಆಡ್ತಿದ್ದೀನಿ. ನಾನು ಅನ್ಸೆಲ್ಮೊ. ಹೊಸ ಎಡಿಟರ್. ‘ಟೇಕ್ ಮೂರು, ಆದರೆ ಅವಳು ಉಸಿರೆಳೆದುಕೊಳ್ಳುವವರೆಗೆ ಮಾತ್ರ’ ಅಂತ ಬರೆಯೋರು ಯಾರು ಅಂತ ನೋಡೋಕೆ ಬಂದೆ. ಅದು ಡಿರೆಕ್ ಮಾತಲ್ಲ. ನಿಮ್ಮದು. ಹೌದೋ ಅಲ್ವೋ?”

ಈ ಕೆಲಸಕ್ಕೆ ಸೇರಿದ ಹನ್ನೊಂದು ವರ್ಷದಲ್ಲಿ ಮಾಯುಮಿಯನ್ನು ಯಾರೂ ಆ ಪ್ರಶ್ನೆ ಕೇಳಿರಲಿಲ್ಲ.

---

ಮಾಯುಮಿ ಲಕ್ಸಮಾನಾಳಿಗೆ ಆಗ ನಲವತ್ತೊಂದು. ನಿರ್ದೇಶಕಿಯಾಗುತ್ತೇನೆ ಎಂದು ಬಂದು, ಕಂಟಿನ್ಯೂಟಿ ಕುರ್ಚಿಯಲ್ಲಿ ಕುಳಿತವಳು. ಯಾವ ಕೈಯಲ್ಲಿ ಲೋಟವಿತ್ತು, ಯಾವ ಮಾತಿಗೆ ಕಣ್ಣು ಮಿಟುಕಿತು, ಯಾವ ಟೇಕ್ ಚೆನ್ನಾಗಿತ್ತು, ಎಲ್ಲವನ್ನೂ ಬರೆದಿಟ್ಟು ಸಂಜೆ ಎಡಿಟರಿಗೆ ಕಳಿಸುವುದು ಅವಳ ಕೆಲಸ. ಊರಿನಲ್ಲಿ ಅಮ್ಮ ಮಾತ್ರ ಈಗಲೂ ನೆರೆಮನೆಯವರಿಗೆ, “ಟಿವಿಯೋರ ಹತ್ರ ಗಡಿಯಾರ ಹಿಡ್ಕೊಳ್ಳೋ ಕೆಲಸ” ಎಂದೇ ಹೇಳುತ್ತಿದ್ದಳು.

ಬರೆಯದ ಇನ್ನೊಂದು ಕೆಲಸವೂ ಇತ್ತು. ಪಿಸುಗುಟ್ಟುವುದು!

ಶಾಟ್ ಸರಿಬಾರದಿದ್ದಾಗ ಡಿರೆಕ್ ಒಕ್ಟೇವಿಯೊ ತಲೆಯನ್ನು ಒಂದಿಷ್ಟು ಎಡಕ್ಕೆ ವಾಲಿಸುತ್ತಿದ್ದ. ಮಾಯುಮಿ ಅವನ ಕಿವಿಯಲ್ಲಿ, “ಅವಳು ಅಳೋದು ಬೇಡ ಡಿರೆಕ್, ಅಕ್ಕಿ ತೊಳೀತಾ ಇರ್ಲಿ” ಅನ್ನುತ್ತಿದ್ದಳು. ಅವನು ಎದ್ದು ನಿಂತು, “ಅಳಬೇಡ! ಅಕ್ಕಿ ತೊಳಿ!” ಎಂದು ಗುಡುಗುತ್ತಿದ್ದ. ಸೆಟ್ಟಿನವರೆಲ್ಲ, “ಆಹಾ, ಡಿರೆಕ್!” ಅನ್ನುತ್ತಿದ್ದರು.

‘ಕಂಟಿನ್ಯೂಟಿಗೆ ಹೆಂಗಸಿನ ಕಣ್ಣು, ಡೈರೆಕ್ಷನ್ನಿಗೆ ಗಂಡಸಿನ ಗಂಟಲು’ ಎಂಬುದು ಅಲ್ಲಿನ ಹಳೆಯ ತಮಾಷೆ. ಅವಳೂ ಎಲ್ಲರ ಜೊತೆ ಸೇರಿ ನಗುತ್ತಿದ್ದಳು. ನಗದೆ ಇನ್ನೇನು ಮಾಡುವುದು? ಅವಳ ಕೈಕೆಳಗೆ ಕಲಿತ ಇಬ್ಬರು ಹುಡುಗರು ಆಗಲೇ ಡಿರೆಕ್ ಆಗಿದ್ದರು. ಅವಳು ಕೇಳಿದಾಗೆಲ್ಲ ನಿರ್ಮಾಪಕಿ ಪರ್ಪೆಚುವಾ ಮೇಡಂ ಬೆನ್ನು ಸವರಿ, “ಮುಂದಿನ ಧಾರಾವಾಹಿಗೆ ನೋಡೋಣ ಯುಮಿ. ನೀನು ಇಲ್ದಿದ್ರೆ ಆ ಕುರ್ಚಿ ಯಾರು ನೋಡ್ತಾರೆ?” ಅನ್ನುತ್ತಿದ್ದರು.

ಚೆನ್ನಾಗಿ ಮಾಡಿದ್ದೇ ಅವಳಿಗೆ ಸಂಕೋಲೆಯಾಗಿತ್ತು.

ಈಗ ಅನ್ಸೆಲ್ಮೊ ಎಂಬ ಒಬ್ಬ ಮನುಷ್ಯ ಅವಳ ಟಿಪ್ಪಣಿಗಳಿಗೆ ಉತ್ತರ ಬರೆಯತೊಡಗಿದ. ಹಾಳೆಯ ಕೆಳಗೆ, ಕೆಂಪು ಶಾಯಿಯಲ್ಲಿ.

‘ಸೀನ್ 14: ಎಡಗೈ ಸರಿ. ನೀವು ಹೇಳಿದ ಉಸಿರು ಸಿಕ್ಕಿತು. ಊಟ ಆಯ್ತಾ?’

‘ಸೀನ್ 22: ಮುದುಕನ ಶಾಟ್ ಎರಡು ಸೆಕೆಂಡು ಜಾಸ್ತಿ ಬಿಟ್ಟಿದ್ದೀನಿ. ಬೈಯಿರಿ. ಊಟ ಆಯ್ತಾ?’

ಅವಳು ಮರುದಿನದ ಹಾಳೆಯಲ್ಲಿ ಬರೆದಳು: ‘ಎರಡಲ್ಲ, ಮೂರು ಬಿಡಿ. ಆಯ್ತು. ಒಣಮೀನು, ಅನ್ನ. ನಿಮ್ಮದು?’

ಏಳು ವಾರ ಹೀಗೇ ನಡೆಯಿತು. ಸೆಟ್ಟಿನ ಬಿಸಿಲಿನಲ್ಲಿ ಕುಳಿತು ಆ ಕೆಂಪು ಸಾಲು ಓದುವಾಗ, ಬತ್ತಿದ ಬಾವಿಯಲ್ಲಿ ಎಲ್ಲೋ ಒಂದು ಸೆಲೆ ಒಡೆದ ಹಾಗೆ ಅನ್ನಿಸುತ್ತಿತ್ತು ಅವಳಿಗೆ. ‘ಬೇಡ ಯುಮಿ... ಹೆಂಡತಿಯನ್ನು ಕಳೆದುಕೊಂಡವನು. ನಿನಗೂ ವಯಸ್ಸಾಯಿತು. ಸುಮ್ಮನಿರು’ ಎಂದು ತನಗೆ ತಾನೇ ಹೇಳಿಕೊಂಡು, ಮತ್ತೆ ಹಾಳೆ ತಿರುವಿ ಅದೇ ಸಾಲನ್ನೇ ಓದುತ್ತಿದ್ದಳು.

---

ಡಿರೆಕ್ ಒಕ್ಟೇವಿಯೊ ಒಂದು ಬೆಳಿಗ್ಗೆ ಸೆಟ್ಟಿನಲ್ಲೇ ಎದೆ ಹಿಡಿದುಕೊಂಡು ಕುಸಿದ. ಜೀವ ಉಳಿಯಿತು. ಆದರೆ ಎರಡು ತಿಂಗಳು ಹಾಸಿಗೆ.

ಮೇಡಂ ಅಂದೇ ಮಾಯುಮಿಯನ್ನು ಕರೆದರು.

“ಒಂದು ದಿನ ಕೊಡ್ತೀನಿ. ನಾಲ್ಕು ಸೀನು. ಸರಿಯಾಗಿ ಬಂದ್ರೆ ಉಳಿದ ಎಂಟು ವಾರ ನಿನ್ನದು, ಹೆಸರೂ ನಿನ್ನದು. ತಪ್ಪಿದ್ರೆ ಮತ್ತೆ ನನ್ನ ಹತ್ರ ಈ ಮಾತು ಎತ್ತಬೇಡ. ಸರಿ ತಾನೆ?”

“ಸರಿ ಮೇಡಂ.”

“ಕಂಟಿನ್ಯೂಟಿಗೆ ಯಾರನ್ನ ಕೂರಿಸ್ತೀಯ?”

ಹನ್ನೊಂದು ವರ್ಷದ ಹೆಮ್ಮೆ ನಾಲಿಗೆಯ ತುದಿಯಲ್ಲೇ ಕುಳಿತಿತ್ತು. “ಯಾರೂ ಬೇಡ. ಎರಡೂ ನಾನೇ ನೋಡ್ಕೋತೀನಿ.”

ಅಯ್ಯೋ, ಆ ಒಂದು ಮಾತನ್ನು ಅವಳು ಆಡಬಾರದಿತ್ತು!

ಆ ದಿನದ ಕೊನೆಯ ಸೀನು ವರ್ಷ ತುಂಬಿದ ಮಾರನೆಯ ದಿನದ್ದು. ಪೂಜೆ ಮುಗಿದಿದೆ. ಪಿನ್ನು ತೆಗೆದಾಗಿದೆ. ಆ ಹೆಂಗಸು ಗಂಡನ ಅಂಗಿಗಳನ್ನು ಯಾರಿಗೋ ಕೊಡಲು ಮಡಿಸುತ್ತಿದ್ದಾಳೆ. ಟೇಕ್ ಒಂದು ನೀರಸ. ಟೇಕ್ ಎರಡು ಅಚ್ಚುಕಟ್ಟು, ಜೀವವಿಲ್ಲ. ಟೇಕ್ ಮೂರರ ನಡುವೆ ವಿಮಾನ ಹೋಯಿತು. ಅಷ್ಟರಲ್ಲಿ ಧ್ವನಿಯವನು ಬಂದು ಬೆಳಗಿನ ಒಂದು ಶಾಟಿನಲ್ಲಿ ಟ್ರೈಸಿಕಲ್ ಆಟೋದ ಸದ್ದು ಸೇರಿದೆ ಅಂದ. ಅದು ವರ್ಷ ತುಂಬುವ ಮೊದಲಿನ ಶಾಟು. ಮತ್ತೆ ಪಿನ್ನು ಚುಚ್ಚಿಸಿ ಆ ಶಾಟನ್ನು ಇನ್ನೊಮ್ಮೆ ಚಿತ್ರೀಕರಿಸಿ, ವಾಪಸು ಅಂಗಿ ಮಡಿಸುವ ಸೀನಿಗೆ ಬಂದರು.

ಮಾಯುಮಿ ಕ್ಲಾರಿಬೆಲ್ಲಳ ಮುಂದೆ ಮಂಡಿಯೂರಿ ಕುಳಿತಳು. ಪಿಸುಗುಟ್ಟಲು ಕಿವಿ ಹುಡುಕದೆ, ಅವತ್ತು ಮೊದಲ ಬಾರಿಗೆ ಒಬ್ಬಳ ಕಣ್ಣನ್ನೇ ನೋಡಿ ಮಾತಾಡಿದಳು.

“ಅಳಬೇಡ. ಅಂಗಿ ಸರಿಯಾಗಿ ಮಡಿಸು. ಅವನು ಅಂಗಡಿಗೆ ಹೋಗಿದ್ದಾನೆ, ಈಗ ಬರ್ತಾನೆ ಅಂದ್ಕೋ. ಮಡಿಸಿದ್ದು ಸೊಟ್ಟಗಿದ್ರೆ ಬೈತಾನೆ.”

ಟೇಕ್ ನಾಲ್ಕು.

ಮಾತು ಮುಗಿಯಿತು. ಮಾಯುಮಿ ಕಟ್ ಅನ್ನಲಿಲ್ಲ. ಅನ್ನಲಾಗಲಿಲ್ಲ. ಅವಳಿಗೆ ಆ ಮುಖದ ಹೊರತು ಜಗತ್ತಿನಲ್ಲಿ ಬೇರೇನೂ ಕಾಣುತ್ತಿರಲಿಲ್ಲ.

ಆಮೇಲೆ ಎಲ್ಲರೂ ಚಪ್ಪಾಳೆ ತಟ್ಟಿದರು. “ಡಿರೆಕ್ ಯುಮಿ!” ಎಂದು ಯಾರೋ ಕೂಗಿದರು. ಅವಳ ಕಾಲು ನೆಲದ ಮೇಲಿರಲಿಲ್ಲ.

ಸಂಜೆ ಟಿಪ್ಪಣಿ ಬರೆಯಲು ಕುಳಿತು ಆ ಶಾಟಿನ ಫೋಟೋ ತೆರೆದಳು.

ಕ್ಲಾರಿಬೆಲ್ಲಳ ಎದೆಯ ಮೇಲೆ... ಪಿನ್ನು.

ಯಾರೂ ತೆಗೆಸಿರಲಿಲ್ಲ. ತೆಗೆಸಬೇಕಾದವಳು ಅವಳೇ!

ಹನ್ನೊಂದು ವರ್ಷದಲ್ಲಿ ಒಂದು ಗುಂಡಿಯೂ ಅವಳ ಕಣ್ಣು ತಪ್ಪಿಸಿರಲಿಲ್ಲ. ನಿರ್ದೇಶಕಿಯಾದ ಮೊದಲ ದಿನವೇ ಊರಿಗೆಲ್ಲ ಕಾಣುವಷ್ಟು ದೊಡ್ಡ ತಪ್ಪು! ಪುಣ್ಯಕ್ಕೆ ಟೇಕ್ ಎರಡು ಇದೆ. ಅವಳು ಪೆನ್ಸಿಲ್ ಒತ್ತಿ, ಹಾಳೆ ಹರಿಯುವಂತೆ ಬರೆದಳು:

‘ಟೇಕ್ ನಾಲ್ಕು ಬೇಡ. ಪಿನ್ನು ಇದೆ. ಟೇಕ್ ಎರಡು ಹಾಕಿ. ದಯವಿಟ್ಟು.’

ಮೂರನೆಯ ದಿನ ಮಧ್ಯಾಹ್ನ ಕಂತು ಪ್ರಸಾರವಾಯಿತು. ಅವಳು ಆಗ ಜೀಪ್ನಿ ಬಸ್ಸಿನಲ್ಲಿ ಕುಳಿತಿದ್ದಳು. ಎದುರಿಗೆ ಕುಳಿತ ಇಬ್ಬರು ಹುಡುಗಿಯರು ಫೋನ್ ನೋಡಿ ಕಿಸಕ್ಕನೆ ನಕ್ಕರು.

“ನೋಡೇ! ನಿನ್ನೆ ತಾನೆ ಪೂಜೆ ಮಾಡಿ ಪಿನ್ನು ತೆಗೆದ್ಲು, ಇವತ್ತು ಮತ್ತೆ ಬಂದಿದೆ!”

“ಗಂಡ ಹೋದ್ರೂ ಪಿನ್ನು ಬಿಡ್ತಾ ಇಲ್ವಲ್ಲೇ! ಇವಳು ಮದುವೆ ಆಗಿದ್ದು ಪಿನ್ನನ್ನೇ ಇರ್ಬೇಕು!”

ಅವನು... ಟೇಕ್ ನಾಲ್ಕನ್ನೇ ಹಾಕಿದ್ದ!

---

“ನಾನೇನು ಬರೆದಿದ್ದೆ?”

ಎಡಿಟಿಂಗ್ ರೂಮಿನ ಹೊರಗಿನ ಓಣಿಯಲ್ಲಿ ಅವಳು ಅವನನ್ನು ಅಡ್ಡಗಟ್ಟಿದ್ದಳು.

“ಟೇಕ್ ನಾಲ್ಕು ಬೇಡ ಅಂತ,” ಎಂದ ಅನ್ಸೆಲ್ಮೊ.

“ನಿಮಗೆ ಓದೋಕೆ ಬರುತ್ತೆ ತಾನೆ?”

“ಬರುತ್ತೆ.”

“ಮತ್ತೆ?”

“ಟೇಕ್ ಎರಡರಲ್ಲಿ ಪಿನ್ನು ಇರಲಿಲ್ಲ ಮಾಯುಮಿ. ಬೇರೆ ಏನೂ ಇರಲಿಲ್ಲ.”

“ಅದನ್ನ ಹೇಳೋಕೆ ನೀವು ಯಾರು? ನನಗಿದ್ದಿದ್ದು ಒಂದೇ ದಿನ! ನನ್ನ ಹೆಸರಲ್ಲಿ, ನನ್ನ ಸೀನಲ್ಲಿ, ನಾನು ಬೇಡ ಅಂದಿದ್ದನ್ನ... ಎಲ್ಲರೂ ನನ್ನ ಬಾಯಿ ಮುಚ್ಚಿಸಿದ್ರು. ಅದು ಅಭ್ಯಾಸ ಆಗಿತ್ತು. ನೀವಾದ್ರೂ ನಾನು ಬರೆದಿದ್ದನ್ನ ಓದ್ತೀರಿ ಅಂದ್ಕೊಂಡಿದ್ದೆ!”

“ಒಂದು ನಿಮಿಷ ಒಳಗೆ ಬನ್ನಿ. ತೋರಿಸ್ತೀನಿ...”

“ನನಗೇನೂ ನೋಡೋದು ಬೇಡ. ಊರೆಲ್ಲ ನೋಡಿದೆಯಲ್ಲ!”

ಅವಳು ಓಡಿದಳು. ಹಿಂದಿನಿಂದ ಅವನು ಎರಡು ಸಲ ಹೆಸರು ಕೂಗಿದ್ದು ಕೇಳಿಸಿತು. ತಿರುಗಲಿಲ್ಲ.

ಮೇಡಂ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿರುತ್ತಿತ್ತು. ಪ್ರಸಾರಕ್ಕೆ ಮೊದಲು ಕಂತನ್ನು ನೋಡಿ ಒಪ್ಪಿಗೆ ಕೊಟ್ಟವರು ಅವರೇ. ಅವರ ಕಣ್ಣಿಗೂ ಪಿನ್ನು ಬಿದ್ದಿರಲಿಲ್ಲ. ಆ ಅವಮಾನಕ್ಕೆ ಅವರ ದನಿ ಇನ್ನೂ ತಣ್ಣಗಾಗಿತ್ತು.

“ಕಂಟಿನ್ಯೂಟಿಯವಳಿಗೇ ಕಂಟಿನ್ಯೂಟಿ ಕಾಣಲ್ಲ ಅಂದ್ರೆ ಡೈರೆಕ್ಷನ್ ಏನು ಕಾಣುತ್ತೆ ಯುಮಿ? ನಿನ್ನ ಕುರ್ಚಿಗೆ ವಾಪಸ್ ಹೋಗು.”

ಅವಳು ವಾಪಸು ಹೋದಳು.

---

ಹೊಸ ಡಿರೆಕ್ ಬಂದ. ಜಿಯಾನ್, ಮೇಡಂ ಅಕ್ಕನ ಮಗ. ಇಪ್ಪತ್ತೆಂಟು ವರ್ಷ, ಕೆಟ್ಟವನಲ್ಲ. ಕೆಟ್ಟವನಾಗಿದ್ದರೆ ದ್ವೇಷಿಸಬಹುದಿತ್ತು. ಮೊದಲ ದಿನವೇ ಬೆವರುತ್ತಾ, ತಲೆಯನ್ನು ಎಡಕ್ಕೆ ವಾಲಿಸಿ, “ಅಕ್ಕಾ... ಈಗೇನು ಮಾಡೋದು?” ಎಂದು ಕೇಳಿದ.

ಅವಳು ಪಿಸುಗುಟ್ಟಿದಳು.

ಅವನು ಅದನ್ನೇ ಕೂಗಿ ಹೇಳಿದ. “ಆಹಾ, ಡಿರೆಕ್!” ಅಂದರು ಎಲ್ಲರೂ.

ಅವತ್ತು ಅವಳು ಶೌಚಾಲಯದ ಬಾಗಿಲು ಹಾಕಿಕೊಂಡು, ಕೊರಳಿನ ಟವೆಲನ್ನು ಬಾಯಿಗೆ ತುರುಕಿಕೊಂಡು ಅತ್ತಳು. ಹೊರಗೆ ಯಾರೋ ಬಾಗಿಲು ಬಡಿದರು. “ಅಕ್ಕಾ, ಬೇಗ! ಇದು ಸೆಟ್ಟಿನದಲ್ಲ, ನಿಜವಾದ ಅರ್ಜೆಂಟು!” ಮುಖ ತೊಳೆದು, ನಕ್ಕು ಹೊರಬಂದಳು.

ಎಡಿಟರಿಗೆ ಕಳಿಸುವ ಹಾಳೆಯಲ್ಲಿ ಈಗ ಅಂಕಿಗಳು ಮಾತ್ರ ಇರುತ್ತಿದ್ದವು. ಸೀನ್ ಇಷ್ಟು, ಟೇಕ್ ಇಷ್ಟು. ಉಸಿರಿನ ಮಾತಿಲ್ಲ. ಕೆಂಪು ಶಾಯಿ ಮೂರು ದಿನ ‘ಊಟ ಆಯ್ತಾ?’ ಎಂದು ಕೇಳಿತು. ನಾಲ್ಕನೆಯ ದಿನ ಅದೂ ನಿಂತಿತು.

ನಿಂತಾಗ... ಎದೆಯೊಳಗೆ ಉಳಿದಿದ್ದೂ ನಿಂತ ಹಾಗಾಯಿತು.

‘ನಾನು ಯಾರು? ನೋಡುವವಳು. ಬೇರೆಯವರ ಕೈಯಲ್ಲಿ ಲೋಟ ಎಲ್ಲಿದೆ ಎಂದು ನೋಡುತ್ತಾ ನನ್ನ ಕೈ ಖಾಲಿಯಾಗಿದ್ದೇ ತಿಳಿಯಲಿಲ್ಲ...’ ಬೆಳಿಗ್ಗೆ ಏಳುವಾಗ ಇದೇ ಯೋಚನೆ, ಅನ್ನ ಕಲಸುವಾಗಲೂ ಇದೇ.

ಮೂರನೆಯ ವಾರ ಮೇಡಂ ಕರೆದು ಒಂದು ಕರಾರುಪತ್ರ ಮುಂದಿಟ್ಟರು. ಎರಡು ವರ್ಷ, ಸಂಬಳ ಒಂದೂವರೆ ಪಟ್ಟು. ಕೆಲಸ ಕಂಟಿನ್ಯೂಟಿ.

“ಜಿಯಾನ್ ಪಕ್ಕದಲ್ಲೇ ಇರು. ಒಕ್ಟೇವಿಯೊಗೆ ಮಾಡ್ತಿದ್ದ ಹಾಗೇ. ನನಗೆಲ್ಲ ಗೊತ್ತು ಯುಮಿ,” ಎಂದು ಅವರು ಕಣ್ಣು ಮಿಟುಕಿಸಿದರು. “ಹೆಸರಲ್ಲೇನಿದೆ? ಕೆಲಸ ನಿನ್ನದೇ ತಾನೆ? ಶುಕ್ರವಾರ ಮಧ್ಯಾಹ್ನ ಮೂರಕ್ಕೆ ಸಹಿ ಮಾಡಿ ತಂದುಕೊಡು.”

ಗೊತ್ತು! ಹನ್ನೊಂದು ವರ್ಷದಿಂದ ಅವರಿಗೆ ಗೊತ್ತಿತ್ತು!

ಹಾಗಿದ್ದೂ ಸಹಿ ಮಾಡುವವಳೇ ಇದ್ದಳು ಅವಳು. ಕೈಲಿ ಬೇರೆ ಏನಿದೆ? ನಿರ್ದೇಶಕಿಯಾಗುವ ಆಸೆಗೆ ಒಂದೇ ಒಂದು ದಿನ ಸಿಕ್ಕಿತ್ತು. ಅದೂ ಸತ್ತಿತ್ತು.

---

ಶುಕ್ರವಾರ ಬೆಳಿಗ್ಗೆ ಬಣ್ಣ ಹಚ್ಚಿಸಿಕೊಳ್ಳುತ್ತಿದ್ದ ಕ್ಲಾರಿಬೆಲ್ ಕನ್ನಡಿಯಲ್ಲೇ ಅವಳನ್ನು ನೋಡಿ ಕೇಳಿದಳು.

“ಅಕ್ಕಾ, ಆ ದಿನ ಮಾತು ಮುಗಿದ ಮೇಲೂ ಯಾಕೆ ಕಟ್ ಹೇಳಲಿಲ್ಲ ನೀವು?”

“ಮರೆತುಹೋಯ್ತು.”

“ಸುಳ್ಳು. ಇಪ್ಪತ್ತು ವರ್ಷದಿಂದ ಆ್ಯಕ್ಟ್ ಮಾಡ್ತಿದ್ದೀನಿ, ಯಾರೂ ನನ್ನನ್ನ ಅಷ್ಟು ಹೊತ್ತು ನೋಡಿಲ್ಲ. ನನ್ನ ಗಂಡನೂ ನೋಡಿಲ್ಲ ಬಿಡಿ! ಟಿವೀಲಿ ನೋಡಿದಾಗ ನಾನೇ ಅತ್ತುಬಿಟ್ಟೆ. ನೀವು?”

“ನಾನು ನೋಡಿಲ್ಲ.”

ಕ್ಲಾರಿಬೆಲ್ ತುಟಿಗೆ ಬಣ್ಣ ಹಚ್ಚುವವಳ ಕೈ ತಳ್ಳಿ ತಿರುಗಿ ಕುಳಿತಳು. “ಏನು? ನೋಡದೇನೇ ಆ ಪಾಪದ ಎಡಿಟರ್ ಜೊತೆ ಮಾತು ಬಿಟ್ರಾ? ಕಂಟಿನ್ಯೂಟಿಯವರಂತೆ! ನಾಚಿಕೆ ಆಗಲ್ವಾ? ಹೋಗಿ, ಅವನಿಗೆ ಇವತ್ತೇ ಕಡೇ ದಿನ.”

“ಕಡೇ ದಿನ? ಯಾಕೆ?”

“ನನ್ನನ್ನ ಕೇಳಿದ್ರೆ? ನಾನು ಬರೀ ಅಳೋಳು. ನೋಡೋರು ನೀವು!”

ಎಡಿಟಿಂಗ್ ರೂಮಿನ ಬಾಗಿಲು ತೆರೆದೇ ಇತ್ತು. ಬೆಳ್ಳುಳ್ಳಿ ಹಾಕಿ ಹುರಿದ ಅನ್ನದ ವಾಸನೆ. ಅರ್ಧ ತಿಂದ ಮೊಟ್ಟೆ. ಅನ್ಸೆಲ್ಮೊ ನೆಲದ ಮೇಲೆ ಕುಳಿತು ವೈರುಗಳನ್ನು ಸುತ್ತಿ ಪೆಟ್ಟಿಗೆಗೆ ಹಾಕುತ್ತಿದ್ದ. ಗಡ್ಡ ಬೆಳೆದಿತ್ತು. ಅವಳನ್ನು ನೋಡಿ ಎದ್ದು ನಿಂತ. “ಊಟ... ತಿಂಡಿ ಆಯ್ತಾ?” ಎಂದ.

ಅವಳ ಕಣ್ಣು ಗೋಡೆಯ ಮೇಲಿತ್ತು. ಅಲ್ಲಿ ಅವಳದೇ ಹಾಳೆ ಅಂಟಿಸಿತ್ತು. ‘ಟೇಕ್ ನಾಲ್ಕು ಬೇಡ.’ ಅದರ ಕೆಳಗೆ ಕೆಂಪು ಶಾಯಿಯಲ್ಲಿ: ‘ಮಾಯುಮಿ ಸ್ಪಷ್ಟವಾಗಿ ಬೇಡ ಎಂದಿದ್ದಾರೆ. ಹಾಕಿದ್ದು ನಾನು. ತಪ್ಪು ನನ್ನದು. – ಅನ್ಸೆಲ್ಮೊ.’ ಅದರ ಪಕ್ಕ ಮೇಡಂ ಸಹಿ. ತಾರೀಕು... ಕಂತು ಪ್ರಸಾರವಾದ ದಿನದ್ದೇ.

“ಇದನ್ನ ಮೇಡಂಗೆ ತೋರಿಸಿದ್ರಾ?”

“ತೋರಿಸಿದೆ. ‘ತನ್ನ ಎಡಿಟರನ್ನೇ ಹಿಡಿತದಲ್ಲಿ ಇಟ್ಕೊಳ್ಳಲಾರದವಳು ಸೆಟ್ಟನ್ನ ಏನು ಇಟ್ಕೋತಾಳೆ’ ಅಂದ್ರು. ನಿಮಗೆ ಇನ್ನೊಂದು ಏಟು ಹಾಕಿದ ಹಾಗಾಯ್ತು. ನನಗೆ ಮೂರು ವಾರದ ಗಡುವು ಕೊಟ್ರು.”

“ಹೇಳಲಿಲ್ಲ ಯಾಕೆ?”

“ಯಾವ ಮುಖ ಇಟ್ಕೊಂಡು ಹೇಳಲಿ?”

ಮಾಯುಮಿ ಕುರ್ಚಿ ಎಳೆದುಕೊಂಡು ಕುಳಿತಳು. “ತೋರಿಸಿ.”

ಅವನು ಮೊದಲು ಟೇಕ್ ಎರಡು ಹಾಕಿದ. ಸದ್ದಿಲ್ಲದೆ. ಒಬ್ಬ ಹೆಂಗಸು ಅಂಗಿ ಮಡಿಸಿದಳು. ಆಯಿತು.

ಆಮೇಲೆ ಟೇಕ್ ನಾಲ್ಕು.

ಹೆಂಗಸು ಅಂಗಿ ಮಡಿಸುತ್ತಾಳೆ. ತೋಳು ಸೊಟ್ಟಗಾಯಿತೆಂದು ಬಿಚ್ಚಿ ಮತ್ತೆ ಮಡಿಸುತ್ತಾಳೆ. ಮಾತು ಮುಗಿಯುತ್ತದೆ. ಕಟ್ ಬರುವುದಿಲ್ಲ. ಅವಳ ಕೈ ತಾನಾಗಿಯೇ ಮೇಲೆ ಹೋಗಿ ಎದೆಯ ಮೇಲಿನ ಪಿನ್ನನ್ನು ಮುಟ್ಟುತ್ತದೆ. ಇರಬಾರದ ಪಿನ್ನು. ಯಾರೂ ಇಲ್ಲ ತಾನೆ ಎಂದು ಬಾಗಿಲ ಕಡೆ ನೋಡಿ, ಕಳ್ಳಿಯ ಹಾಗೆ, ಅಂಗಿಯ ಮಡಿಕೆಯಿಂದ ಅದನ್ನು ಮುಚ್ಚಿಕೊಳ್ಳುತ್ತಾಳೆ.

ಮಾಯುಮಿ ಬಾಯಿಗೆ ಕೈ ಒತ್ತಿಕೊಂಡಳು.

ಇದು ತಪ್ಪಲ್ಲ. ಪೂಜೆ ಮುಗಿದರೂ ತೆಗೆಯಲಾರದವಳು ಅವಳು! ಆ ದಿನ ಸೆಟ್ಟಿನಲ್ಲಿ ತನಗೆ ಪಿನ್ನು ಕಾಣಲಿಲ್ಲ ಎಂದುಕೊಂಡಿದ್ದಳಲ್ಲ... ಕಂಡಿತ್ತು. ಕಣ್ಣಿಗೆ ಕಂಡಿತ್ತು, ಅದು ಅಲ್ಲಿ ಇರಬೇಕೆಂದೇ ಅನ್ನಿಸಿತ್ತು. ಅದಕ್ಕೇ ಕಟ್ ಅನ್ನಲಾಗಲಿಲ್ಲ.

‘ಇದನ್ನು ಮಾಡಿದ್ದು ನಾನು. ನಾನೇ.’

ಅನ್ಸೆಲ್ಮೊ ಪರದೆಯನ್ನೇ ನೋಡುತ್ತಾ ಮಾತಾಡಿದ.

“ನನ್ನ ಹೆಂಡತಿಯ ವರ್ಷದ ಪೂಜೆ ಡಿಸೆಂಬರಲ್ಲೇ ಆಗಿತ್ತು. ನೆಂಟರೆಲ್ಲ ಬಂದಿದ್ರು. ಅತ್ತೆ ಪಿನ್ನಿಗೆ ಅಂತ ಕೈ ಚಾಚಿದ್ರು. ನನ್ನಿಂದ ಆಗಲಿಲ್ಲ. ಎರಡು ತಿಂಗಳು ಹಾಗೇ ಓಡಾಡಿದೆ. ಕೇಳಿದೋರಿಗೆ ‘ಇನ್ನೂ ವರ್ಷ ಆಗಿಲ್ಲ’ ಅಂತ ಸುಳ್ಳು ಹೇಳಿದೆ. ಆಮೇಲೆ ಒಂದು ದಿನ ಒಬ್ಬಳು ಪೆನ್ಸಿಲ್ ಕಚ್ಚಿಕೊಂಡು ಬಂದು, ಬೆಳಕು ಹೋಗ್ತಿದೆ ಅಂತ ಬೈದು ಬಿಚ್ಚಿಕೊಂಡು ಹೋದಳು.”

ಅವನು ಪರದೆ ಆರಿಸಿ ಅವಳ ಕಡೆ ತಿರುಗಿದ.

“ವಾಪಸ್ ಕೊಟ್ರಿ. ಆದರೆ ನಾನು ಮತ್ತೆ ಚುಚ್ಚಿಕೊಳ್ಳಲಿಲ್ಲ ಮಾಯುಮಿ. ಎಲ್ಲಾ ನೋಡ್ತೀರಿ ನೀವು. ಅದೊಂದನ್ನ ನೋಡಲಿಲ್ಲ.”

ನೋಡಿದ್ದಳು. ಮರುವಾರ ಕ್ಯಾಂಟೀನಿನಲ್ಲಿ, ನೀಲಿ ಅಂಗಿ, ಎದೆಯ ಮೇಲೆ ಏನೂ ಇಲ್ಲ. ನೋಡಿ, ವರ್ಷ ತುಂಬಿರಬೇಕು ಅಂದುಕೊಂಡು, ಅದಕ್ಕಿಂತ ಹೆಚ್ಚು ಯೋಚಿಸಲು ಹೆದರಿ ಕಣ್ಣು ತಗ್ಗಿಸಿದ್ದಳು.

“ನೋಡಿದ್ದೆ,” ಎಂದಳು ಮೆಲ್ಲಗೆ. “ಬರ್ಕೊಳ್ಳಲಿಲ್ಲ ಅಷ್ಟೇ.”

“ನಿಮ್ಮನ್ನ ಕೇಳಬೇಕಿತ್ತು ನಾನು,” ಎಂದ ಅವನು. “ಒಂದು ಫೋನ್ ಸಾಕಾಗಿತ್ತು. ಕೇಳಿದ್ರೆ ನೀವು ಬೇಡ ಅಂತೀರಿ ಅಂತ ಹೆದರಿ ಕೇಳಲಿಲ್ಲ. ನಿಮ್ಮ ಪರವಾಗಿ ನಾನೇ ತೀರ್ಮಾನ ಮಾಡಿಬಿಟ್ಟೆ. ಎಲ್ಲರೂ ಮಾಡಿದ ಹಾಗೇ.”

“ಹೌದು. ಅದು ತಪ್ಪೇ.” ಅವಳು ಅವನನ್ನು ನೇರವಾಗಿ ನೋಡಿದಳು. “ಆದರೆ ಟೇಕ್ ನಾಲ್ಕೇ ಸರಿ. ಎರಡೂ ನಿಜ.”

ಅವನ ಕಣ್ಣಿನಲ್ಲಿ ನೀರು ತುಂಬಿತು. “ಇವತ್ತು ಸಂಜೆ ಸೆಬು ದ್ವೀಪಕ್ಕೆ ಹಡಗಿದೆ. ಅಲ್ಲಿ ಒಂದು ಕೆಲಸ ಇದೆ. ನೀವು ಇರು ಅಂದ್ರೆ ಇರ್ತೀನಿ, ಹೋಗು ಅಂದ್ರೆ ಹೋಗ್ತೀನಿ. ನಿಮ್ಮನ್ನ ಪ್ರೀತಿಸ್ತೀನಿ ಅನ್ನೋದು ಎರಡಕ್ಕೂ ಒಂದೇ.”

ಮಾಯುಮಿ ಕೈ ಚಾಚಿ ಅವನ ಅಂಗಿತೋಳಿಗೆ ಅಂಟಿದ್ದ ಒಂದು ಅನ್ನದ ಅಗುಳನ್ನು ತೆಗೆದಳು. ಆ ಕೈ ಅಲ್ಲೇ ಉಳಿಯಿತು.

“ನಿಮ್ಮ ತೀರ್ಮಾನ ನಾನು ಮಾಡಲ್ಲ ಅನ್ಸೆಲ್ಮೊ. ನೀವೇ ಮಾಡಿ. ಆದರೆ... ನೀವು ಇದ್ರೆ ನನಗೆ ಇಷ್ಟ. ತುಂಬಾ ಇಷ್ಟ.”

ಅವನು ಆ ಕೈಯನ್ನು ಎರಡೂ ಕೈಯಿಂದ ಹಿಡಿದು ಹಣೆಗೆ ಒತ್ತಿಕೊಂಡ. ಸುತ್ತಿಟ್ಟ ವೈರಿನ ಪೆಟ್ಟಿಗೆಯನ್ನು ಕಾಲಿನಿಂದಲೇ ಮೇಜಿನ ಕೆಳಕ್ಕೆ ತಳ್ಳಿದ.

“ಸೆಬುವಿನವರು ನಂಬೋ ಹಾಗೆ ಏನು ಸುಳ್ಳು ಹೇಳಲಿ?”

“ನಿಜಾನೇ ಹೇಳಿ. ಯಾರೂ ನಂಬಲ್ಲ!”

ಇಬ್ಬರೂ ನಕ್ಕರು. ಅಳುವೂ ನಗುವೂ ಬೆರೆತು ಯಾವುದು ಯಾವುದೆಂದು ತಿಳಿಯದಷ್ಟು.

“ಈಗ ನಿಮ್ಮನ್ನ ಏನಂತ ಕರೀಲಿ? ಡಿರೆಕ್ ಅನ್ನಲಾ?”

“ಅದನ್ನ ಬೇರೆಯವರು ಕರೀಲಿ. ನೀವು ಯುಮಿ ಅನ್ನಿ.”

“ಯುಮಿ,” ಎಂದ ಅವನು. ಮೊದಲ ಬಾರಿ.

ಗೋಡೆಯ ಗಡಿಯಾರದಲ್ಲಿ ಹನ್ನೊಂದಾಗಿತ್ತು. ಅವನು ತಟ್ಟೆಯನ್ನು ಅವಳ ಮುಂದೆ ಸರಿಸಿದ. ಅವಳು ಅವನ ಚಮಚದಲ್ಲೇ ಆರಿದ ಅನ್ನ ತಿನ್ನತೊಡಗಿದಳು. ಮೂರು ವಾರದಿಂದ ಸೇರದೇ ಇದ್ದ ಅನ್ನ.

ಚೀಲದಲ್ಲಿ ಕರಾರುಪತ್ರ ಇತ್ತು. ಮೂರು ಗಂಟೆಗೆ ಮೇಡಂ ಕಾಯುತ್ತಾರೆ. ಅದರಲ್ಲಿ ‘ಕಂಟಿನ್ಯೂಟಿ’ ಎಂದಿರುವ ಜಾಗವನ್ನು ಹೊಡೆದುಹಾಕಿ, ‘ನಿರ್ದೇಶನ’ ಎಂದು ತನ್ನ ಕೈಯಲ್ಲೇ ಬರೆದು ಅವರ ಮುಂದಿಡುವುದು. ಅವರು ಒಪ್ಪಲಿಕ್ಕಿಲ್ಲ. ಒಪ್ಪುವುದೇ ಇಲ್ಲ. ಒಪ್ಪದಿದ್ದರೆ ಎದ್ದು ಬರುವುದು. ನಾಳೆಯಿಂದ ಏನು ಎಂದು ಅವಳಿಗೆ ಗೊತ್ತಿರಲಿಲ್ಲ. ಇನ್ನು ಮೇಲೆ ಯಾರ ಕಿವಿಯಲ್ಲೂ ಪಿಸುಗುಟ್ಟುವುದಿಲ್ಲ ಎಂಬುದಷ್ಟೇ ಗೊತ್ತಿತ್ತು.

ಇನ್ನೊಂದು ತುತ್ತು ತಿಂದಳು.

“ಏನು ಯೋಚನೆ ಯುಮಿ?” ಎಂದ ಅನ್ಸೆಲ್ಮೊ.

ಹೇಳಿಬಿಡಬಹುದಿತ್ತು. ಹೇಳಿದರೆ ಅವನು ಜೊತೆಗೆ ಬರುತ್ತೇನೆ ಎನ್ನುತ್ತಾನೆ, ಬಾಗಿಲಲ್ಲಿ ನಿಲ್ಲುತ್ತಾನೆ, ಅವಳ ಪರವಾಗಿ ಎರಡು ಮಾತು ಆಡುತ್ತಾನೆ. ಇದೊಂದನ್ನು ಮಾತ್ರ ಅವಳೇ ಆಡಬೇಕು.

“ಏನಿಲ್ಲ,” ಎಂದಳು. “ಉಪ್ಪು ಸ್ವಲ್ಪ ಕಮ್ಮಿ.”

ಅವನು ಅವಳ ಮುಖವನ್ನು ಒಂದು ಕ್ಷಣ ನೋಡಿದ. ಮತ್ತೆ ಕೇಳಲಿಲ್ಲ. ಎದ್ದು ಉಪ್ಪು ತರಲು ಹೋದ.